ಹಾಡು ನಿಂತು ಮಾತು ಶುರುವಾಗುವ ಜಾಗ: ಜೋಸೆಫೀನ್ ಬಾರ್ಸ್ಟೋ ಅವರ ಒಪೆರಾ

ಇಟಲಿಯ ಸಂಗೀತಗಾರ ವೆರ್ಡಿಯ ‘ಮ್ಯಾಕ್‌ಬೆತ್’ ಒಪೆರಾದಲ್ಲಿ (ಹಾಡಿನಲ್ಲೇ ನಡೆಯುವ ಪಾಶ್ಚಾತ್ಯ ನಾಟಕದಲ್ಲಿ) ಲೇಡಿ ಮ್ಯಾಕ್‌ಬೆತ್ ರಂಗಕ್ಕೆ ಬರುವುದು ಹಾಡುತ್ತಾ ಅಲ್ಲ, ಓದುತ್ತಾ. ಕೈಯಲ್ಲಿ ಗಂಡ ಬರೆದ ಪತ್ರ. ಮಾಟಗಾತಿಯರು ಸಿಕ್ಕಿದ್ದು, ರಾಜನಾಗುವೆ ಎಂದಿದ್ದು ಎಲ್ಲವನ್ನೂ ಆಕೆ ಸಾದಾ ಮಾತಿನಲ್ಲಿ ಓದಿ ಮುಗಿಸಬೇಕು. ಸ್ವರಲಿಪಿಯಲ್ಲಿ ಆ ಸಾಲುಗಳಿಗೆ ಸ್ವರವಿಲ್ಲ, ಅಕ್ಷರ ಮಾತ್ರ ಇದೆ. ಪತ್ರ ಮುಗಿದದ್ದೇ ತಡ ವಾದ್ಯವೃಂದ ಎದ್ದು ನಿಲ್ಲುತ್ತದೆ. ಇನ್ನೂ ಗಂಟಲು ಹದವಾಗುವ ಮೊದಲೇ ಗಾಯಕಿ ತಾರಸ್ಥಾಯಿಯ ‘ಸಿ’ ಸ್ವರದವರೆಗೆ ಜಿಗಿಯಬೇಕು. ಹೆಣ್ಣಿನ ಮಾತಿನ ದನಿ ಸಾಮಾನ್ಯವಾಗಿ 200 ಹರ್ಟ್ಸ್ (ಸೆಕೆಂಡಿಗೆ ಅಷ್ಟು ಕಂಪನ) ಆಸುಪಾಸಿನಲ್ಲಿರುತ್ತದೆ, ಆ ‘ಸಿ’ ಇರುವುದು 1,046ರಲ್ಲಿ.

ಒಪೆರಾ ನೋಡುವ ಹೆಚ್ಚಿನವರು ಆ ‘ಸಿ’ಗಾಗಿ ಕಿವಿ ನೆಟ್ಟು ಕಾಯುತ್ತಾರೆ. ನಿಜವಾದ ತೊಡಕು ಇರುವುದು ಅದಕ್ಕೂ ಮುಂಚಿನ ಓದಿನಲ್ಲಿ. ಮೈಕಿಲ್ಲದ ದೊಡ್ಡ ರಂಗಮಂದಿರದಲ್ಲಿ ಮಾತು ಕೊನೆಯ ಸಾಲಿಗೆ ಮುಟ್ಟಬೇಕೆಂದು ಗಾಯಕಿ ಎದೆಯ ದನಿಯನ್ನು ಒತ್ತಿ ತಳ್ಳಿದರೆ ಸ್ವರತಂತುಗಳು ದಪ್ಪವಾಗಿ, ಬಿಗಿಯಾಗಿ ಸೇರಿಕೊಳ್ಳುತ್ತವೆ. ಅದೇ ಬಿಗಿಯಲ್ಲಿ ಮೇಲಕ್ಕೆ ಹೋದರೆ ಸ್ವರ ಒಡೆಯುತ್ತದೆ, ಇಲ್ಲವೇ ಶ್ರುತಿ ಇಳಿಯುತ್ತದೆ. ಪಿಸುಮಾತಿನ ದಾರಿ ಹಿಡಿದರೆ ಗಾಳಿ ಸೋರಿ ಗಂಟಲು ಒಣಗುತ್ತದೆ. ಹಾಗಾಗಿ ಎಷ್ಟೋ ಸೊಪ್ರಾನೊಗಳು (ಎತ್ತರದ ದನಿಯ ಗಾಯಕಿಯರು) ಪತ್ರವನ್ನು ಅರ್ಧ ಹಾಡಿನಂತೆ, ರಾಗ ಎಳೆದು, ಸುರಕ್ಷಿತವಾಗಿ ಓದಿಬಿಡುತ್ತಾರೆ. ಗಂಟಲು ಉಳಿಯುತ್ತದೆ, ಪಾತ್ರ ಹೋಗುತ್ತದೆ. ನಮ್ಮ ಯಕ್ಷಗಾನದಲ್ಲಿ ಪದ್ಯ ಭಾಗವತರದು, ಮಾತು ವೇಷಧಾರಿಯದು. ಕೆಲಸ ಎರಡು ಗಂಟಲುಗಳಿಗೆ ಹಂಚಿಹೋಗಿದೆ. ಒಪೆರಾದಲ್ಲಿ ಅಷ್ಟೂ ಭಾರ ಒಂದೇ ಗಂಟಲಿನ ಮೇಲೆ.

ಹಾಡು, ಮಾತು ಎರಡರ ನಡುವಿನ ಹೊಸ್ತಿಲ ಮೇಲೆಯೇ ಐವತ್ತು ವರ್ಷಕ್ಕೂ ಮಿಕ್ಕ ವೃತ್ತಿಯನ್ನು ಕಟ್ಟಿಕೊಂಡವರು ಬ್ರಿಟನ್ನಿನ ಜೋಸೆಫೀನ್ ಬಾರ್ಸ್ಟೋ. ಅವರನ್ನು ಗಾಯಕಿ ಎನ್ನುವುದು ಸರಿಯೇ. ಆದರೆ ಅವರ ಧ್ವನಿ ಅಷ್ಟು ಸುಂದರವೇನಲ್ಲ ಎಂದು ದೂರಿದವರೂ, ಅವರನ್ನು ನೋಡಿದ ಮೇಲೆ ಬೇರೆಯವರನ್ನು ನೋಡಲಾಗುವುದಿಲ್ಲ ಎಂದವರೂ ಹೇಳುತ್ತಿದ್ದುದು ಒಂದೇ ಸಂಗತಿಯನ್ನು. ಆ ಧ್ವನಿಗೆ ಒಂದು ಅಲಗಿತ್ತು. ಬೆಣ್ಣೆಯಂಥ ಮೃದುತ್ವ ಅದರದಲ್ಲ. ಸ್ವರದ ಅಂಚಿನಲ್ಲಿ ಸದಾ ಒಂದಿಷ್ಟು ಮಾತಿನ ಒರಟು ಉಳಿದಿರುತ್ತಿತ್ತು. ಅದು ಕೊರತೆಯೂ ಹೌದು, ಬಂಡವಾಳವೂ ಹೌದು.

ಹುಟ್ಟಿದ್ದು 1940ರ ಸೆಪ್ಟೆಂಬರ್ 27ರಂದು, ಉಕ್ಕಿನ ಊರು ಶೆಫೀಲ್ಡ್‌ನಲ್ಲಿ. ಬರ್ಮಿಂಗ್‌ಹ್ಯಾಮ್ ವಿಶ್ವವಿದ್ಯಾಲಯದಲ್ಲಿ ಓದಿದ್ದು ಇಂಗ್ಲಿಷ್ ಸಾಹಿತ್ಯ. ಮೊದಲು ಪದ, ಆಮೇಲೆ ಸಂಗೀತ ಎನ್ನುವ ಕ್ರಮ ಬಹುಶಃ ಅಲ್ಲಿಂದಲೇ ಬಂದಿರಬೇಕು. 1964ರಲ್ಲಿ ‘ಒಪೆರಾ ಫಾರ್ ಆಲ್’ ಎಂಬ ಸಂಚಾರಿ ತಂಡದಲ್ಲಿ ‘ಲಾ ಬೊಎಮ್’ ಒಪೆರಾದ ನಾಯಕಿ ಮಿಮಿಯಾಗಿ ಮೊದಲ ವೃತ್ತಿಪರ ಪ್ರದರ್ಶನ. ಆರ್ಟ್ಸ್ ಕೌನ್ಸಿಲ್ ನಡೆಸುತ್ತಿದ್ದ ಈ ತಂಡ ದೊಡ್ಡ ರಂಗಮಂದಿರವಿಲ್ಲದ ಊರುಗಳಿಗೆ ಹೋಗುತ್ತಿತ್ತು: ಬೆರಳೆಣಿಕೆಯ ಗಾಯಕರು, ವಾದ್ಯವೃಂದದ ಬದಲು ಪಿಯಾನೊ, ಗಾಡಿಗೆ ಹಿಡಿಸುವಷ್ಟು ರಂಗಸಜ್ಜು. ಇಂಥ ತಂಡದಲ್ಲಿ ಕಲಿಯುವ ಪಾಠವನ್ನು ದೊಡ್ಡ ಒಪೆರಾ ಸಂಸ್ಥೆಗಳು ಕಲಿಸಲಾರವು. ಪ್ರೇಕ್ಷಕರು ಹತ್ತು ಅಡಿ ದೂರದಲ್ಲಿ ಕೂತಿರುತ್ತಾರೆ, ನಟಿಯ ಕಣ್ಣು ಸುಳ್ಳು ಹೇಳಿದರೆ ತಕ್ಷಣ ಗೊತ್ತಾಗುತ್ತದೆ. ಮುಂದೆ ಕ್ಯಾಮೆರಾ ಎದುರು ಬಾರ್ಸ್ಟೋ ತಡವರಿಸದಿರಲು ಆ ಹತ್ತು ಅಡಿಯ ದೂರವೂ ಒಂದು ಕಾರಣ ಎಂದು ನನ್ನ ಊಹೆ.

ನಂತರ ಲಂಡನ್ ಒಪೆರಾ ಸೆಂಟರ್‌ನಲ್ಲಿ ತರಬೇತಿ. ಆ ಶಾಲೆ ನಡೆಯುತ್ತಿದ್ದುದು ಸ್ಟೆಪ್ನಿಯಲ್ಲಿದ್ದ ‘ಟ್ರಾಕ್ಸಿ’ ಎಂಬ ಹಳೆಯ ಚಿತ್ರಮಂದಿರದಲ್ಲಿ. ಸಿನಿಮಾ ಪರದೆ ಕಳಚಿದ ಜಾಗದಲ್ಲಿ ಒಪೆರಾ ಕಲಿತವರು ಮುಂದೆ ಒಪೆರಾವನ್ನು ಪರದೆಗೆ ಒಯ್ದರು ಎಂಬುದು ಬರೀ ಕಾಕತಾಳೀಯ, ಆದರೂ ಹೇಳದೆ ಬಿಡಲು ಮನಸ್ಸಾಗಲಿಲ್ಲ.

1967ರಲ್ಲಿ ಸ್ಯಾಡ್ಲರ್ಸ್ ವೆಲ್ಸ್ ಒಪೆರಾ ಕಂಪನಿ ಸೇರಿದರು. ಮರುವರ್ಷ ಆ ಕಂಪನಿ ಲಂಡನ್ನಿನ ಕೊಲಿಸಿಯಂಗೆ ಬಿಡಾರ ಬದಲಿಸಿತು. 1974ರಲ್ಲಿ ಇಂಗ್ಲಿಷ್ ನ್ಯಾಷನಲ್ ಒಪೆರಾ ಎಂದು ಹೆಸರನ್ನೂ ಬದಲಿಸಿಕೊಂಡಿತು. ಅಲ್ಲಿಯ ನಿಯಮ ಒಂದೇ: ಯಾವ ದೇಶದ ಒಪೆರಾ ಆದರೂ ಇಂಗ್ಲಿಷಿನಲ್ಲೇ ಹಾಡಬೇಕು. ರಂಗದ ಮೇಲೆ ಅಕ್ಷರ ಮೂಡಿಸುವ ಅನುವಾದದ ಪಟ್ಟಿಗಳು ಆಗ ಇರಲಿಲ್ಲ. ಸುಮಾರು 2,350 ಆಸನಗಳ ಮಂದಿರದ ಕಟ್ಟಕಡೆಯ ಬಾಲ್ಕನಿಯವನಿಗೂ ಮಾತು ತಿಳಿಯುವುದು ಗಾಯಕಿಯ ನಾಲಿಗೆ, ಹಲ್ಲು, ತುಟಿಗಳ ಜವಾಬ್ದಾರಿಯಾಗಿತ್ತು.

ಇದು ಎಷ್ಟು ಕಷ್ಟ ಎಂಬುದಕ್ಕೆ ಶಬ್ದವಿಜ್ಞಾನದಲ್ಲೇ ಕಾರಣವಿದೆ. ‘ಇ’, ‘ಉ’ ಸ್ವರಾಕ್ಷರಗಳನ್ನು ನಾವು ಗುರುತಿಸುವುದು ಬಾಯಿ ಗಂಟಲುಗಳ ಪೊಳ್ಳಿನಲ್ಲಿ ಹುಟ್ಟುವ ಅನುರಣನಗಳಿಂದ. ಈ ಎರಡರ ಮೊದಲ ಅನುರಣನ 300 ಹರ್ಟ್ಸ್ ಆಸುಪಾಸಿನಲ್ಲಿದೆ. ಸೊಪ್ರಾನೊ 700, 800, 1,000 ಹರ್ಟ್ಸ್‌ನಲ್ಲಿ ಹಾಡುವಾಗ ಮೂಲ ಸ್ವರವೇ ಅದನ್ನು ದಾಟಿ ಮೇಲೆ ಹೋಗಿರುತ್ತದೆ, ಗುರುತು ಹಿಡಿಯಲು ಏನೂ ಉಳಿದಿರುವುದಿಲ್ಲ. ಎಲ್ಲ ಸ್ವರಾಕ್ಷರಗಳೂ ‘ಆ’ದಂತೆ ಕೇಳಿಸತೊಡಗುತ್ತವೆ. ಹಟ ಹಿಡಿದು ತಾರಸ್ಥಾಯಿಯಲ್ಲಿ ಶುದ್ಧ ‘ಇ’ ಹಾಡಲು ಹೋದರೆ ದವಡೆ ಬಿಗಿದು ಸ್ವರ ಕೀರಲಾಗುತ್ತದೆ. ಅನುಭವಿಗಳು ಮಾಡುವುದಿಷ್ಟು: ಮೇಲಿನ ಸ್ವರಗಳಲ್ಲಿ ಬಾಯಿ ಬಿಟ್ಟುಕೊಟ್ಟು, ಅದರ ಹಿಂದುಮುಂದಿನ ವ್ಯಂಜನಗಳನ್ನು ಚೂಪಾಗಿ, ತಾಳಕ್ಕೆ ಕೂದಲೆಳೆ ಮುಂಚಿತವಾಗಿ ಒಗೆಯುವುದು. ಕೇಳುಗನ ಮಿದುಳು ಕಳೆದುಹೋದ ಸ್ವರಾಕ್ಷರವನ್ನು ತಾನೇ ತುಂಬಿಕೊಳ್ಳುತ್ತದೆ. ಬಾರ್ಸ್ಟೋ ಅವರ ವ್ಯಂಜನಗಳನ್ನು ಒಂದೇ ಬಾರಿ ಗಮನವಿಟ್ಟು ಕೇಳಿದರೂ ಸಾಕು, ಈ ಕಸುಬು ಕಣ್ಣಿಗೆ ಕಟ್ಟುತ್ತದೆ.

ಅದೇ ಕಂಪನಿಯಲ್ಲಿ ಅವರು ವೆರ್ಡಿಯದೇ ‘ಲಾ ಟ್ರಾವಿಯಾಟಾ’ದ ನಾಯಕಿ ವಯೊಲೆಟಾ ಆದರು. ಅಲ್ಲೂ ಒಂದು ಪತ್ರ ಇದೆ. ಕ್ಷಯದಿಂದ ಸಾಯುತ್ತಿರುವ ವಯೊಲೆಟಾ ಮೂರನೇ ಅಂಕದಲ್ಲಿ ಪ್ರಿಯಕರನ ತಂದೆಯ ಪತ್ರ ಓದುತ್ತಾಳೆ, ಹಿಂದೆ ಪಿಟೀಲು ಹಳೆಯ ಪ್ರೇಮದ ರಾಗವನ್ನು ನೆನಪಿಸುತ್ತಿರುತ್ತದೆ. ಓದಿ ಮುಗಿಸಿ ‘ತಡವಾಯಿತು’ ಎಂಬ ಒಂದು ಮಾತು, ಆಮೇಲೆ ಹಾಡು. ಪಿಟೀಲಿನ ರಾಗಕ್ಕೆ ದನಿ ಜೋಡಿಸಿಕೊಳ್ಳುವ ಆಸೆ ಇಲ್ಲಿಯ ದೊಡ್ಡ ಬಲೆ. ರಾಗಕ್ಕೆ ಅಂಟಿಕೊಂಡರೆ ಓದು ಭಾವಗೀತೆಯಾಗಿಬಿಡುತ್ತದೆ. ರೋಗಿಯೊಬ್ಬಳು ನೂರಾರು ಸಲ ಓದಿ ಬಾಯಿಪಾಠವಾದ ಕಾಗದ ಎನಿಸುವುದಿಲ್ಲ. ವೆರ್ಡಿಯ ಎರಡು ಪತ್ರಗಳನ್ನೂ ಚಿಕ್ಕ ವಯಸ್ಸಿನಲ್ಲೇ ದೊಡ್ಡ ರಂಗದಲ್ಲಿ ಓದಿದ ನಟಿಗೆ ಮಾತಿನಿಂದ ಹಾಡಿಗೆ ದಾಟುವ ವಿದ್ಯೆ ಮೈಗೂಡಿದ್ದರಲ್ಲಿ ಆಶ್ಚರ್ಯವಿಲ್ಲ.

ಲಂಡನ್ನಿನ ರಾಯಲ್ ಒಪೆರಾ ಮಂದಿರವಾದ ಕೋವೆಂಟ್ ಗಾರ್ಡನ್‌ಗೆ ಕಾಲಿಟ್ಟಿದ್ದು 1969ರಲ್ಲಿ, ‘ಪೀಟರ್ ಗ್ರೈಮ್ಸ್’ನ ಸಣ್ಣ ಪಾತ್ರವೊಂದರಲ್ಲಿ. ಮರುವರ್ಷ ಡಿಸೆಂಬರ್ 2ರಂದು ಬ್ರಿಟಿಷ್ ಸಂಗೀತಗಾರ ಮೈಕೆಲ್ ಟಿಪೆಟ್ ಅವರ ‘ದ ನಾಟ್ ಗಾರ್ಡನ್’ ಮೊದಲ ಪ್ರದರ್ಶನ. ಕಾಲಿನ್ ಡೇವಿಸ್ ಸಂಗೀತ ನಿರ್ವಹಣೆ, ಪೀಟರ್ ಹಾಲ್ ನಿರ್ದೇಶನ. ಅದರಲ್ಲಿ ಬಾರ್ಸ್ಟೋ ಡೆನೀಸ್ ಎಂಬ ಹೋರಾಟಗಾರ್ತಿ, ಚಿತ್ರಹಿಂಸೆಯಲ್ಲಿ ಮುಖ ಮೈ ವಿರೂಪಗೊಂಡು ಮನೆಗೆ ಮರಳಿದವಳು. ಮೊದಲ ಅಂಕದ ಕೊನೆಗೆ ಆಕೆ ಒಬ್ಬಳೇ ನಿಂತು ತನ್ನ ಯಾತನೆಯನ್ನು ಹೇಳುತ್ತಾಳೆ. ಸ್ವರಗಳು ಮಂದ್ರದಿಂದ ತಾರಕ್ಕೆ ಮೆಟ್ಟಿಲಿಲ್ಲದೆ ಹಾರುತ್ತವೆ. ಇಂಥ ಕಡೆ ‘ಸುಂದರವಾದ’ ಧ್ವನಿ ಅಡ್ಡಿ. ಗಾಯವಾದ ದೇಹದ ಮಾತು ಜೇನಿನಂತೆ ಹರಿದರೆ ಯಾರು ನಂಬುತ್ತಾರೆ?

ಅಲ್ಲಿಂದ ಹೊಸ ಒಪೆರಾಗಳು ಅವರನ್ನು ಹುಡುಕಿಕೊಂಡು ಬಂದವು. 1976ರಲ್ಲಿ ಜರ್ಮನಿಯ ಸಂಗೀತಗಾರ ಹೆಂಟ್ಸೆ ಅವರ ‘ವಿ ಕಮ್ ಟು ದ ರಿವರ್’, ಎಡ್ವರ್ಡ್ ಬಾಂಡ್ ಬರೆದ ಯುದ್ಧವಿರೋಧಿ ಪಠ್ಯ, ಮೂರು ರಂಗ, ಮೂರು ವಾದ್ಯವೃಂದ. 1977ರಲ್ಲಿ ಟಿಪೆಟ್ ಅವರ ‘ದ ಐಸ್ ಬ್ರೇಕ್’. 1986ರಲ್ಲಿ ಆಸ್ಟ್ರಿಯಾದ ಸಾಲ್ಜ್‌ಬರ್ಗ್ ಉತ್ಸವದಲ್ಲಿ ಪೋಲೆಂಡಿನ ಪೆಂಡೆರೆಟ್ಸ್ಕಿಯ ‘ದ ಬ್ಲ್ಯಾಕ್ ಮಾಸ್ಕ್’, ಹ್ಯಾರಿ ಕುಪ್ಫರ್ ನಿರ್ದೇಶನದಲ್ಲಿ. ಹೊಸ ಕೃತಿಗೆ ನಟಿ ಸಿದ್ಧವಾಗುವ ಬಗೆಯೇ ಬೇರೆ. ಹಿಂದೆ ಯಾರೂ ಹಾಡಿಲ್ಲದ್ದರಿಂದ ಅನುಕರಿಸಲು ಧ್ವನಿಮುದ್ರಿಕೆ ಇರುವುದಿಲ್ಲ. ಮೊದಲು ಪದಗಳನ್ನು ಲಯದೊಂದಿಗೆ ಮಾತಿನಲ್ಲೇ ಕಲಿಯಬೇಕು, ಆಮೇಲೆ ಸ್ವರದ ಅಂತರಗಳನ್ನು ನಿಧಾನದಲ್ಲಿ, ಕೊನೆಗೆ ಎರಡನ್ನೂ ಬೆಸೆದು ಪಿಯಾನೊ ಜೊತೆ. ಪೂರ್ತಿ ವಾದ್ಯವೃಂದ ಸಿಗುವುದು ಕೊನೆಯ ಕೆಲವೇ ದಿನ. ಪಿಯಾನೊದಲ್ಲಿ ನಿಚ್ಚಳವಾಗಿ ಕೇಳಿದ್ದ ಆಸರೆ ಸ್ವರ ಅಲ್ಲಿ ಯಾವುದೋ ತಗ್ಗಿನ ಊದುವಾದ್ಯದ ಪಾಲಾಗಿ ಕೇಳಿಸದೇ ಹೋಗುತ್ತದೆ. ಪದವನ್ನು ಮೊದಲು ಗಟ್ಟಿ ಮಾಡಿಕೊಂಡವರು ಅಂಥ ಹೊತ್ತಿನಲ್ಲಿ ಉಳಿಯುತ್ತಾರೆ.

ಮ್ಯಾಕ್‌ಬೆತ್‌ಗೆ ವಾಪಸು ಬರೋಣ. 1972ರಲ್ಲಿ ಇಂಗ್ಲೆಂಡಿನ ಗ್ಲೈಂಡ್‌ಬೋರ್ನ್ ಒಪೆರಾ ಉತ್ಸವದ ‘ಮ್ಯಾಕ್‌ಬೆತ್’ ಅನ್ನು ಸದರ್ನ್ ಟೆಲಿವಿಷನ್ ಚಿತ್ರೀಕರಿಸಿತು. ಆ ಸಂಸ್ಥೆ ಗ್ಲೈಂಡ್‌ಬೋರ್ನ್‌ನಲ್ಲಿ ತೆಗೆದ ಒಪೆರಾ ಸರಣಿಯ ಮೊದಲನೆಯದದು. ಕೋಸ್ಟಾಸ್ ಪಾಸ್ಕಾಲಿಸ್ ಮ್ಯಾಕ್‌ಬೆತ್, ಜಾನ್ ಪ್ರಿಚರ್ಡ್ ಸಂಗೀತ ನಿರ್ವಾಹಕ, ಲೇಡಿಯಾಗಿ 31ರ ಬಾರ್ಸ್ಟೋ. ಇಂದಿಗೂ ಡಿವಿಡಿಯಲ್ಲಿ ನೋಡಬಹುದು. ಚಿತ್ರ ಮಸುಕು, ಬಣ್ಣ ಹಳತು. ಆ ಕಾಲದ ಟ್ಯೂಬ್ ಕ್ಯಾಮೆರಾಗಳಿಗೆ ರಂಗದ ಮಬ್ಬು ಬೆಳಕು ಸಾಲುತ್ತಿರಲಿಲ್ಲ. ಬೆಳಕು ಏರಿಸಿದರೆ ವಿನ್ಯಾಸಕಾರ ಕಷ್ಟಪಟ್ಟು ಕಟ್ಟಿದ ಕತ್ತಲೆ ಕರಗಿಹೋಗುತ್ತಿತ್ತು. ‘ಮ್ಯಾಕ್‌ಬೆತ್’ನಂಥ ಇರುಳಿನ ನಾಟಕಕ್ಕೆ ಇದಕ್ಕಿಂತ ದೊಡ್ಡ ಏಟು ಬೇರೆ ಬೇಕಿಲ್ಲ. ಮೇಲಾಗಿ ಹಿಂದಿನ ಸಾಲಿಗೆಂದು ಬಳಿದ ಹುಬ್ಬು, ಕಣ್ಕಪ್ಪು ಹತ್ತಿರದ ನೋಟದಲ್ಲಿ ಮುಖವಾಡದಂತೆ ಕಾಣುತ್ತದೆ.

ಅಷ್ಟೆಲ್ಲ ಇದ್ದರೂ ಆ ಮುಖ ಕೆಲಸ ಮಾಡುತ್ತದೆ. ಹಾಡುವಾಗ ದವಡೆ ಅಗಲ ತೆರೆಯಲೇಬೇಕು, ಅದು ದೇಹಧರ್ಮ. ಕ್ಯಾಮೆರಾ ಹತ್ತಿರ ಬಂದಾಗ ಹೆಚ್ಚಿನ ಗಾಯಕರು ಸೋಲುವುದು ಇಲ್ಲಿಯೇ: ಬಾಯಿ ಹಾಡುತ್ತಿರುತ್ತದೆ, ಹಣೆ ಕೂಡ ಅದರ ಜೊತೆ ಹೆಣಗುತ್ತಿರುತ್ತದೆ, ಕಣ್ಣು ಸಂಗೀತ ನಿರ್ವಾಹಕನ ಕಡ್ಡಿಯ ಮೇಲಿರುತ್ತದೆ. ಮುಖದ ಕೆಳಭಾಗವನ್ನು ಗಾಯನಕ್ಕೆ ಬಿಟ್ಟುಕೊಟ್ಟು ಮೇಲ್ಭಾಗವನ್ನು ಪಾತ್ರಕ್ಕೆ ಉಳಿಸಿಕೊಳ್ಳುವುದು ಕಸುಬಿನ ಗುಟ್ಟು. ಕಡ್ಡಿಯನ್ನು ಅಂಚುಗಣ್ಣಿನಲ್ಲಿ ಹಿಡಿಯಬೇಕು, ನೇರ ನೋಡಬಾರದು. ಉಸಿರು ತೆಗೆದುಕೊಳ್ಳುವ ಕ್ಷಣವನ್ನು ಪಾತ್ರಕ್ಕೆ ಆಲೋಚನೆ ಹೊಳೆದ ಕ್ಷಣವನ್ನಾಗಿ ಮಾಡಿಕೊಳ್ಳಬೇಕು. ಆಗ ಉಸಿರು ಕದ್ದಂತೆ ಕಾಣುವುದಿಲ್ಲ. ಬಾರ್ಸ್ಟೋ ಅವರಲ್ಲಿ ಈ ಕೊನೆಯದು ಎದ್ದು ಕಾಣುತ್ತದೆ.

ಇನ್ನು ನಿದ್ರಾನಡಿಗೆಯ ದೃಶ್ಯ. 1848ರಲ್ಲಿ ನೇಪಲ್ಸ್‌ನಲ್ಲಿ ಟಾಡೊಲಿನಿ ಎಂಬ ಗಾಯಕಿಗೆ ಲೇಡಿಯ ಪಾತ್ರ ಕೊಟ್ಟಾಗ ವೆರ್ಡಿ ತಕರಾರು ತೆಗೆದು ಪತ್ರ ಬರೆದಿದ್ದ. ಆಕೆ ಪರಿಪೂರ್ಣವಾಗಿ ಹಾಡುತ್ತಾಳೆ, ನನಗೆ ಬೇಕಾದ ಲೇಡಿ ಹಾಡಲೇಬಾರದು, ದನಿ ಒರಟಾಗಿ, ಉಸಿರುಕಟ್ಟಿದಂತೆ, ಕಪ್ಪಾಗಿ ಇರಬೇಕು ಎಂಬುದು ಅವನ ವಾದದ ಸಾರ. 1847ರಲ್ಲಿ ಫ್ಲಾರೆನ್ಸ್‌ನಲ್ಲಿ ಮೊದಲ ಲೇಡಿಯಾಗಿದ್ದ ಬಾರ್ಬಿಯೇರಿ-ನಿನಿ, ನಿದ್ದೆಯಲ್ಲಿ ಮಾತಾಡುವವರಂತೆ ತುಟಿ ಅಲುಗದೆ ಹಾಡಲು ಮೂರು ತಿಂಗಳು ಅಭ್ಯಾಸ ಮಾಡಿದ್ದಾಗಿ ನೆನಪಿಸಿಕೊಂಡಿದ್ದಾಳೆ. ದೃಶ್ಯದ ಕೊನೆಗೆ ರಂಗದಿಂದ ಹೊರಗೆ ನಡೆಯುತ್ತಾ ತಾರಸ್ಥಾಯಿಯ ‘ಡಿ ಫ್ಲ್ಯಾಟ್’ ಮುಟ್ಟಬೇಕು, ಸುಮಾರು 1,109 ಹರ್ಟ್ಸ್. ಅದೂ ದನಿಯ ಒಂದು ಎಳೆಯಷ್ಟೇ ಇರಲಿ ಎಂದು ವೆರ್ಡಿಯ ಸೂಚನೆ. ಜೋರಾಗಿ ಹಾಡುವುದು ಸುಲಭ, ಉಸಿರಿನ ಒತ್ತಡವೇ ಸ್ವರವನ್ನು ಎತ್ತಿಕೊಳ್ಳುತ್ತದೆ. ಮೆಲ್ಲಗೆ ಹಾಡಲು ಒತ್ತಡ ತಗ್ಗಿಸಬೇಕು, ತಗ್ಗಿಸಿದರೆ ಶ್ರುತಿ ಕುಸಿಯುತ್ತದೆ, ಕುಸಿಯದಿರಲೆಂದು ಗಂಟಲು ಬಿಗಿದರೆ ಸ್ವರ ಸತ್ತೇ ಹೋಗುತ್ತದೆ. ಈ ಪಾತ್ರಕ್ಕೆ ಚೆಂದದ ಧ್ವನಿ ಹುಡುಕುವವರು ವೆರ್ಡಿಯ ಆ ಪತ್ರವನ್ನು ಮೊದಲು ಓದಲಿ ಎಂದು ನನಗೆ ಅನಿಸುವುದುಂಟು. ಬಾರ್ಸ್ಟೋ ಅವರ ಅಲಗಿನ ದನಿಗೆ ಅದಕ್ಕಿಂತ ಹಳೆಯ ಪ್ರಮಾಣಪತ್ರ ಬೇಕಿಲ್ಲ.

1974ರಲ್ಲಿ ಗ್ಲೈಂಡ್‌ಬೋರ್ನ್‌ನಲ್ಲಿಯೇ ಬಾರ್ಸ್ಟೋ ಮೊಜಾರ್ಟ್‌ನ ‘ಇಡೊಮೆನಿಯೊ’ದಲ್ಲಿ ಎಲೆಕ್ಟ್ರಾ ಆದರು, ಅದೂ ಚಿತ್ರೀಕರಣಗೊಂಡಿದೆ. ಹೊಟ್ಟೆಕಿಚ್ಚು ಹುಚ್ಚಾಗುವ ಕೊನೆಯ ಹಾಡಿಗಾಗಿಯಾದರೂ ನೋಡಬೇಕು.

1975ರಲ್ಲಿ ಕೊಲಿಸಿಯಂನಲ್ಲಿ ಯೊಆಖಿಮ್ ಹೆರ್ಟ್ಸ್ ನಿರ್ದೇಶನದ ‘ಸಲೊಮೆ’. ಸಂಗೀತಗಾರ ಸ್ಟ್ರೌಸ್ ಈ ಪಾತ್ರಕ್ಕೆ ಹದಿಹರೆಯದ ಹುಡುಗಿಯ ದೇಹ, ವಾಗ್ನರ್ ಒಪೆರಾಗಳ ನಾಯಕಿಯ ಭಾರೀ ಕಂಠ ಎರಡನ್ನೂ ಬೇಡಿದ. ರಂಗದ ಮುಂದಿನ ವಾದ್ಯಗುಂಡಿಯಲ್ಲಿ ನೂರರ ಆಸುಪಾಸಿನ ವಾದ್ಯಗಾರರು. ಏಳು ಮುಸುಕಿನ ನೃತ್ಯ ಹತ್ತಿರಹತ್ತಿರ ಹತ್ತು ನಿಮಿಷ. ಕುಣಿದು ಏದುಸಿರು ಬಿಡುತ್ತಿರುವಾಗಲೇ ಪ್ರವಾದಿ ಯೊಹಾನನ ತಲೆ ಬೇಕೆಂದು ಮಲತಂದೆ ಹೆರೋದ ದೊರೆಯೊಡನೆ ಜಗಳ, ಅದರ ಬೆನ್ನಿಗೇ ಕಾಲು ಗಂಟೆಗೂ ಮೀರಿದ ಅಂತಿಮ ದೃಶ್ಯ. ಕುಣಿದಾಗ ಉಸಿರು ಎದೆಯ ಮೇಲ್ಭಾಗಕ್ಕೆ ಏರುತ್ತದೆ, ಹಾಡಿಗೆ ಅದು ಪಕ್ಕೆಲುಬಿನ ಕೆಳಗೆ ಇಳಿಯಬೇಕು. ಆ ಅಂತಿಮ ದೃಶ್ಯದಲ್ಲೇ, ಸಾವಿನ ಗುಟ್ಟಿಗಿಂತ ಪ್ರೇಮದ ಗುಟ್ಟು ದೊಡ್ಡದು ಎನ್ನುವಲ್ಲಿ, ‘ಸಾವು’ ಎಂಬ ಪದಕ್ಕೆ ಸ್ಟ್ರೌಸ್ ಇಟ್ಟಿರುವುದು ಮಂದ್ರದ ‘ಜಿ ಫ್ಲ್ಯಾಟ್’, ಸುಮಾರು 185 ಹರ್ಟ್ಸ್. ಅಂದರೆ ಮಾತಿನ ದನಿಗಿಂತ ಒಂದಿಷ್ಟು ಕೆಳಗೆ. ಸೊಪ್ರಾನೊ ಅಲ್ಲಿ ಹಾಡುವುದು ಅಸಾಧ್ಯಕ್ಕೆ ಹತ್ತಿರ, ಹೇಳಬಹುದಷ್ಟೆ. ಮತ್ತೆ ಅದೇ ಹೊಸ್ತಿಲು.

ಮಧ್ಯದ ವರ್ಷಗಳನ್ನು ಬೇಗ ದಾಟುತ್ತೇನೆ. 1977ರಲ್ಲಿ ನ್ಯೂಯಾರ್ಕ್‌ನ ಮೆಟ್ರೊಪಾಲಿಟನ್ ಒಪೆರಾದಲ್ಲಿ ‘ಲಾ ಬೊಎಮ್’ನ ಮುಸೆಟಾ, 1983ರಲ್ಲಿ ಜರ್ಮನಿಯ ಬೈರಾಯ್ಟ್‌ನ ವಾಗ್ನರ್ ಉತ್ಸವದಲ್ಲಿ ಗುಟ್ರೂನೆ, 1987ರಲ್ಲಿ ಡೇವಿಡ್ ಪೌಂಟ್ನಿ ನಿರ್ದೇಶನದ ಶೊಸ್ತಕೊವಿಚ್‌ನ ‘ಮ್‌ತ್ಸೆನ್ಸ್ಕ್‌ನ ಲೇಡಿ ಮ್ಯಾಕ್‌ಬೆತ್’. 1989ರಲ್ಲಿ ಹೆಸರಾಂತ ಸಂಗೀತ ನಿರ್ವಾಹಕ ಕರಯಾನ್ ಅವರು ವೆರ್ಡಿಯ ‘ಉನ್ ಬಾಲ್ಲೊ ಇನ್ ಮಾಸ್ಕೆರಾ’ ಧ್ವನಿಮುದ್ರಿಸಿದಾಗ ಗಾಯಕ ದೊಮಿಂಗೊ ಎದುರು ನಾಯಕಿ ಅಮೇಲಿಯಾ ಆಗಿ ಬಾರ್ಸ್ಟೋ ಅವರನ್ನು ಆರಿಸಿದರು. ಅದೇ ಬೇಸಿಗೆ ಸಾಲ್ಜ್‌ಬರ್ಗ್ ರಂಗಕ್ಕೆ ತಾಲೀಮು ನಡೆದಿತ್ತು, ಜುಲೈ 16ರಂದು ಕರಯಾನ್ ತೀರಿಕೊಂಡರು. ಗೇಯಾರ್ಗ್ ಶೋಲ್ಟಿ ಕಡ್ಡಿ ಕೈಗೆತ್ತಿಕೊಂಡು ಪ್ರದರ್ಶನ ಉಳಿಸಿದರು. 1990ರ ಮರುಪ್ರದರ್ಶನದ ಚಿತ್ರೀಕರಣ ಲಭ್ಯವಿದೆ, ರಂಗನಿರ್ದೇಶಕರು ಸಿನಿಮಾದ ಜಾನ್ ಶ್ಲೆಸಿಂಜರ್. ನನ್ನ ಅಭಿಪ್ರಾಯದಲ್ಲಿ ಇದು ಅವರ ಅತ್ಯುತ್ತಮ ದಾಖಲೆಯಲ್ಲ. ಅಮೇಲಿಯಾಗೆ ಉದ್ದನೆಯ, ಹೊಲಿಗೆ ಕಾಣದ ಸ್ವರಧಾರೆ ಬೇಕು, ಅವರ ಬಲ ಇರುವುದು ಪದಗಳ ನಡುವಿನ ಮುರಿತಗಳಲ್ಲಿ. ಕರಯಾನ್ ಧ್ವನಿಮುದ್ರಿಕೆ ಕೇಳಿ ‘ಇವರನ್ನೇಕೆ ಆರಿಸಿದರು’ ಎಂದವರು, ವಿಡಿಯೊದಲ್ಲಿ ಅದೇ ಸ್ವರಗಳನ್ನು ಅದೇ ಮುಖದೊಂದಿಗೆ ನೋಡಿದರೆ ಅರ್ಧದಷ್ಟಾದರೂ ಒಪ್ಪಿಕೊಂಡಾರು.

ಅದೇ ಕಾಲಕ್ಕೆ ಅವರು ಕರ್ಟ್ ವೈಲ್‌ನ ‘ಸ್ಟ್ರೀಟ್ ಸೀನ್’, ಕೋಲ್ ಪೋರ್ಟರ್‌ನ ‘ಕಿಸ್ ಮಿ, ಕೇಟ್’ಗಳ ಧ್ವನಿಮುದ್ರಿಕೆಗಳಲ್ಲೂ ಹಾಡಿದರು. ಒಪೆರಾ ಗಾಯಕರು ಬ್ರಾಡ್‌ವೇ ಹಾಡಿದರೆ ಸಾಮಾನ್ಯವಾಗಿ ಪದಗಳು ಬಾಯೊಳಗೇ ಗುಂಡಗೆ ಉರುಳಿದಂತೆ ಮಸುಕಾಗಿ ಕೇಳುತ್ತವೆ. ಇವರಿಗೆ ಆ ಕಾಯಿಲೆ ಅಷ್ಟಾಗಿ ಇರಲಿಲ್ಲ.

ಅವರ ವೃತ್ತಿಯ ನಡುಗಂಬ ಎಂದರೆ ಬೆಂಜಮಿನ್ ಬ್ರಿಟನ್ ಅವರ ‘ಗ್ಲೋರಿಯಾನಾ’. ಎರಡನೇ ಎಲಿಜಬೆತ್ ರಾಣಿಯ ಪಟ್ಟಾಭಿಷೇಕಕ್ಕೆಂದು ಬರೆದು 1953ರ ಜೂನ್ 8ರಂದು ಕೋವೆಂಟ್ ಗಾರ್ಡನ್‌ನಲ್ಲಿ ಆಡಿದ ಒಪೆರಾ. ಪಠ್ಯ ವಿಲಿಯಂ ಪ್ಲೋಮರ್ ಅವರದು. ಬಂದ ಗಣ್ಯರು ಹೊಸ ರಾಣಿಯ ಹೊಗಳಿಕೆ ಕೇಳಲು ಕೂತಿದ್ದರೆ, ರಂಗದ ಮೇಲೆ ಇದ್ದದ್ದು ಕೂದಲು ಉದುರಿದ, ತನಗಿಂತ ತೀರಾ ಚಿಕ್ಕವನಾದ ಎಸೆಕ್ಸ್‌ನ ಅರ್ಲ್‌ನ ಮೋಹಕ್ಕೂ ರಾಜ್ಯಕ್ಕೂ ನಡುವೆ ಸಿಕ್ಕಿಬಿದ್ದ ಮೊದಲನೇ ಎಲಿಜಬೆತ್. ಸಂಭ್ರಮದ ಮನೆಯಲ್ಲಿ ಸಾವಿನ ಸುದ್ದಿ ಹೇಳಿದಂತಾಯಿತು. ಒಪೆರಾ ಸೋತಿತು. 1966ರಲ್ಲಿ ಸ್ಯಾಡ್ಲರ್ಸ್ ವೆಲ್ಸ್ ಸಿಲ್ವಿಯಾ ಫಿಶರ್ ಅವರನ್ನಿಟ್ಟು ಮತ್ತೆ ಆಡುವವರೆಗೆ ಅದು ಮೂಲೆಯಲ್ಲೇ ಇತ್ತು.

1993ರಲ್ಲಿ ಲೀಡ್ಸ್‌ನ ಒಪೆರಾ ನಾರ್ತ್‌ಗಾಗಿ ಫಿಲಿಡಾ ಲಾಯ್ಡ್ ಇದನ್ನು ನಿರ್ದೇಶಿಸಿದರು, ರಾಣಿ ಬಾರ್ಸ್ಟೋ. 2000ದಲ್ಲಿ ಅದೇ ಪ್ರಯೋಗವನ್ನು ಲಾಯ್ಡ್ ಸಿನಿಮಾ ಮಾಡಿದರು. ಎಸೆಕ್ಸ್ ಆಗಿ ಟಾಮ್ ರ್‍ಯಾಂಡಲ್, ಸಂಗೀತ ನಿರ್ವಹಣೆ ಪಾಲ್ ಡೇನಿಯಲ್. ರಂಗದ ಪ್ರದರ್ಶನವನ್ನು ಮುಂದಿನ ಸಾಲಿನಿಂದ ಹಿಡಿದ ಚಿತ್ರ ಇದಲ್ಲ. ಸಾಕಷ್ಟು ಸಂಗೀತವನ್ನು ಕತ್ತರಿಸಿ ಲಾಯ್ಡ್ ಕ್ಯಾಮೆರಾವನ್ನು ರಂಗದ ಹಿಂದಕ್ಕೆ ತಿರುಗಿಸಿದರು. ನಟಿ ಬಣ್ಣದ ಕೋಣೆಯಲ್ಲಿ ಕೂತಿದ್ದಾಳೆ, ವಿಗ್ ಏರಿಸುತ್ತಿದ್ದಾರೆ, ಇಕ್ಕಟ್ಟಾದ ಓಣಿಯಲ್ಲಿ ಭಾರದ ಲಂಗ ಹೊತ್ತು ಪ್ರವೇಶಕ್ಕೆ ಕಾಯುತ್ತಿದ್ದಾಳೆ. ರಾಣಿ ಎಲ್ಲಿ ಮುಗಿದಳು, ರಾಣಿಯನ್ನು ಆಡುತ್ತಿರುವ ಗಾಯಕಿ ಎಲ್ಲಿ ಶುರುವಾದಳು ಎಂಬ ಗೆರೆ ಬೇಕೆಂದೇ ಅಳಿಸಿಹೋಗುತ್ತದೆ. ಇಬ್ಬರದೂ ಒಂದೇ ಕೆಲಸ: ವಯಸ್ಸಾದ ದೇಹವನ್ನು ದಿನವೂ ಕಟ್ಟಿ ನಿಲ್ಲಿಸಿ ಜನರ ಮುಂದೆ ಒಯ್ಯುವುದು. ಅದೇ ಲಾಯ್ಡ್ ಮುಂದೆ ಮಾರ್ಗರೆಟ್ ಥ್ಯಾಚರ್ ಕುರಿತ ‘ದ ಐರನ್ ಲೇಡಿ’ ತೆಗೆದರು. ಅಧಿಕಾರದಲ್ಲಿದ್ದು ಮುದುಕಿಯಾದ ಹೆಣ್ಣಿನ ಕಥೆಯನ್ನು ಅವರು ಮೊದಲು ಹೇಳಿದ್ದು ಇಲ್ಲಿ, ಮತ್ತು ನನ್ನ ಮಟ್ಟಿಗೆ ಚೆನ್ನಾಗಿ ಹೇಳಿದ್ದೂ ಇಲ್ಲಿಯೇ.

ಆ ದೇಹವನ್ನು ಕಟ್ಟುವುದರಲ್ಲಿ ಏನೇನಿದೆ ನೋಡಿ. ಎಲಿಜಬೆತ್ ಕಾಲದ ಬಿಗಿ ರವಿಕೆ ಕೆಳಪಕ್ಕೆಲುಬುಗಳನ್ನು ಹಿಡಿದುಬಿಡುತ್ತದೆ, ಗಾಯಕಿಗೆ ಅವು ಅಗಲಬೇಕು. ಬಲ್ಲ ವಸ್ತ್ರವಿನ್ಯಾಸಕರು ಗಾಯಕಿ ತುಂಬ ಉಸಿರು ಎಳೆದು ಹಿಡಿದಾಗ ಲಾಡಿ ಕಟ್ಟುತ್ತಾರೆ. ಸಾಮಾನ್ಯ ನಟಿಗೆ ಕಟ್ಟಿದಂತೆ ಉಸಿರು ಬಿಟ್ಟಾಗ ಕಟ್ಟಿದರೆ ಎರಡನೇ ಸಾಲಿಗೇ ಗಾಳಿ ಮುಗಿದಿರುತ್ತದೆ. ಕತ್ತಿನ ಸುತ್ತಲ ನೆರಿಗೆಪಟ್ಟಿ ಎತ್ತರವಾದರೆ ದವಡೆ ಇಳಿಯಲು ಜಾಗವಿಲ್ಲ. ವಿಗ್ ಕಿವಿ ಮುಚ್ಚಿದರೆ ವಾದ್ಯವೃಂದ ದೂರವಾಗಿ, ಮೂಳೆಯ ಮೂಲಕ ಬರುವ ಸ್ವಂತ ದನಿಯೇ ದೊಡ್ಡದಾಗಿ ಕೇಳಿ ಗಾಯಕಿ ಶ್ರುತಿಯ ಅಂದಾಜು ತಪ್ಪುತ್ತಾಳೆ. ಹಾಗೆಂದೇ ಕಿವಿಯ ಬಳಿ ಸಣ್ಣ ಸಂದು ಬಿಟ್ಟು ಹೆಣೆಯುವುದು ರೂಢಿ.

ಮೂರನೇ ಅಂಕದ ಮೊದಲ ದೃಶ್ಯದಲ್ಲಿ ಇದೆಲ್ಲ ಕಳಚಿ ಬೀಳುತ್ತದೆ. ಐರ್ಲೆಂಡಿನಿಂದ ಅಪ್ಪಣೆಯಿಲ್ಲದೆ ಮರಳಿದ ಎಸೆಕ್ಸ್ ರಾಣಿಯ ಸಜ್ಜುಕೋಣೆಗೇ ನುಗ್ಗುತ್ತಾನೆ. ಆಕೆ ಇನ್ನೂ ವಿಗ್ ಹಾಕಿಲ್ಲ, ತಲೆಯಲ್ಲಿ ನಾಲ್ಕು ಬಿಳಿ ಎಳೆ. ರಂಗದಲ್ಲಿ ಇದು ದೂರದಿಂದ ಕಾಣುವ ಆಘಾತ. ಪರದೆಯಲ್ಲಿ 59ರ ಬಾರ್ಸ್ಟೋ ಬಣ್ಣವಿಲ್ಲದ ಮುಖವನ್ನು ಕ್ಯಾಮೆರಾದ ಮೂಗಿನ ಕೆಳಗೆ ಇಡುತ್ತಾರೆ, ಮುಚ್ಚಿಕೊಳ್ಳುವುದಿಲ್ಲ. ನಾಚಿಕೆ ಪಡುವುದು ಎಸೆಕ್ಸ್‌ನ ಸರದಿ.

ಕೊನೆಯ ದೃಶ್ಯದಲ್ಲಿ ಬ್ರಿಟನ್ ಧೈರ್ಯದ ಕೆಲಸ ಮಾಡಿದ್ದಾರೆ. ಎಸೆಕ್ಸ್‌ನ ಮರಣದಂಡನೆಗೆ ಸಹಿ ಹಾಕಿದ ಮೇಲೆ ರಾಣಿ ಬಹುಪಾಲು ಹಾಡುವುದನ್ನೇ ನಿಲ್ಲಿಸುತ್ತಾಳೆ. ಮಾತಾಡುತ್ತಾಳೆ. 1601ರ ನವೆಂಬರ್ 30ರಂದು ಸಂಸತ್ತಿನವರ ಮುಂದೆ ಆಡಿದ ಪ್ರಸಿದ್ಧ ಭಾಷಣದ ತುಣುಕುಗಳು, ಸಾವಿನ ಹಾಸಿಗೆಯ ಚೂರುಗಳು. ಅವುಗಳ ಹಿಂದೆ ಎಸೆಕ್ಸ್ ಮೊದಲ ಅಂಕದಲ್ಲಿ ಲ್ಯೂಟ್ ಎಂಬ ತಂತಿವಾದ್ಯ ಹಿಡಿದು ಹಾಡಿದ್ದ ರಾಗವನ್ನು ವಾದ್ಯವೃಂದ ಪೂರ್ಣ ಬಲದಿಂದ ನುಡಿಸುತ್ತದೆ. ಒಪೆರಾ ಗಾಯಕಿಯ ಕೈಯಿಂದ ಹಾಡನ್ನೇ ಕಸಿದುಕೊಂಡಂತೆ. 1953ರಲ್ಲಿ ಹಲವರಿಗೆ ಇದು ಸಂಗೀತಗಾರ ಸೋತ ಗುರುತಾಗಿ ಕಂಡಿತು. ಆದರೆ ಆಗಾಗ ಒಂದೆರಡು ಪದ ಸ್ವರಕ್ಕೆ ಜಾರಿ ಮತ್ತೆ ಮಾತಿಗೆ ಬೀಳುತ್ತದೆ; ಎಲ್ಲಿ ಜಾರಿತು ಎಂದು ತಿಳಿಯದಷ್ಟು ಸಲೀಸಾಗಿ ಅದು ಆಗಬೇಕು. ಅದಕ್ಕೆ ಮಾತಿನ ಶ್ರುತಿಯನ್ನು ಮೊದಲೇ ಮುಂದಿನ ಸ್ವರದ ನೆರೆಗೆ ತಂದಿಟ್ಟುಕೊಂಡಿರಬೇಕು, ಹಾಗೆ ತಂದದ್ದು ಕೇಳುಗನಿಗೆ ಗೊತ್ತಾಗಬಾರದು. ಲೇಡಿ ಮ್ಯಾಕ್‌ಬೆತ್‌ಳ ಪತ್ರದಲ್ಲಿ ಬಾರ್ಸ್ಟೋ ಕಲಿತದ್ದು ಇಲ್ಲಿ ಹಿಂದುಮುಂದಾಗಿ ಬಂದಿದೆ: ಅಲ್ಲಿ ಮಾತು ಹಾಡಾಗಬೇಕಿತ್ತು, ಇಲ್ಲಿ ಹಾಡು ಆರಿ ಮಾತಾಗುತ್ತದೆ. ಚಾರ್ಲ್ಸ್ ಮೆಕೆರಸ್ ನಿರ್ವಹಣೆಯಲ್ಲಿ ಅವರೇ ಹಾಡಿದ ಪೂರ್ಣ ಧ್ವನಿಮುದ್ರಿಕೆಯೂ ಇದೆ. ಮೊದಲು ಸಿನಿಮಾ, ಆಮೇಲೆ ಕಣ್ಣು ಮುಚ್ಚಿ ಅದನ್ನು ಕೇಳುವುದು ಒಳ್ಳೆಯ ಕ್ರಮ.

ಬ್ರಿಟನ್ ಅವರ ‘ಓವನ್ ವಿನ್‌ಗ್ರೇವ್’ ಹುಟ್ಟಿದ್ದೇ ಟೀವಿಗಾಗಿ, 1971ರ ಮೇ 16ರಂದು ಬಿಬಿಸಿಯಲ್ಲಿ ಬಂತು. ಸೈನಿಕರ ಮನೆತನದಲ್ಲಿ ಯುದ್ಧ ಒಲ್ಲೆನೆಂದ ಹುಡುಗನ ಕಥೆ. ಊಟದ ಮೇಜಿನ ದೃಶ್ಯದಲ್ಲಿ ಆಡುವ ಮಾತುಗಳ ನಡುವೆ ಒಬ್ಬೊಬ್ಬರ ಮನದೊಳಗಿನ ಮಾತು ಹಾದುಹೋಗುತ್ತದೆ. ಮುಖದಿಂದ ಮುಖಕ್ಕೆ ಜಿಗಿಯುವ ಕ್ಯಾಮೆರಾ ಇಲ್ಲದೆ ಅದು ಅರ್ಧ ಒಪೆರಾ. 2001ರಲ್ಲಿ ಮಾರ್ಗರೆಟ್ ವಿಲಿಯಮ್ಸ್ ಹೊಸದಾಗಿ ತೆಗೆದ ಚಿತ್ರದಲ್ಲಿ ಜೆರಾಲ್ಡ್ ಫಿನ್ಲೆ ಓವನ್, ಅವನ ಸೋದರತ್ತೆ ಮಿಸ್ ವಿನ್‌ಗ್ರೇವ್ ಬಾರ್ಸ್ಟೋ. 1971ರಲ್ಲಿ ಆ ಅತ್ತೆಯ ಪಾತ್ರ ಮಾಡಿದ್ದವರು ಅದೇ ಸಿಲ್ವಿಯಾ ಫಿಶರ್. ಕಿರಿಚದೆ, ಹಲ್ಲಿನ ಸಂದಿಯಲ್ಲಿ ಪದಗಳನ್ನು ಕಚ್ಚಿ ಕಚ್ಚಿ ಬಿಡುವ ಈ ಮುದುಕಿ ಮನೆಯ ಭೂತಕ್ಕಿಂತ ಹೆಚ್ಚು ಹೆದರಿಸುತ್ತಾಳೆ.

ಚೆಕ್ ಸಂಗೀತಗಾರ ಯಾನಾಚೆಕ್‌ನ ‘ಯೆನುಫಾ’ದಲ್ಲಿ ನಾಯಕಿ ಯೆನುಫಾ ಆಗಿ ಹಾಡಿದವರು ವಯಸ್ಸಾದ ಮೇಲೆ ಅದೇ ಒಪೆರಾದಲ್ಲಿ ಅವಳ ಮಲತಾಯಿ ಕೊಸ್ತೆಲ್ನಿಚ್ಕಾ ಆದರು. ಮುದಿ ಪಾತ್ರಗಳಿಗೆ ಇಳಿಯುವುದನ್ನು ಸೋಲೆಂದು ಎಣಿಸುವ ಗಾಯಕಿಯರೇ ಹೆಚ್ಚು. ವಯಸ್ಸಿನೊಂದಿಗೆ ಸ್ವರದ ಕಂಪನ ಅಗಲವಾಗುತ್ತದೆ, ಮೇಲಿನ ಸ್ವರಗಳು ಒಂದೊಂದಾಗಿ ಕೈಬಿಡುತ್ತವೆ. ಮಾತಿಗೆ ಹತ್ತಿರದ ಮಧ್ಯ, ಮಂದ್ರ ಸ್ಥಾಯಿಗಳೇ ಕೊನೆಗೆ ಉಳಿಯುವ ಆಸ್ತಿ. 2011ರಲ್ಲಿ ಒಪೆರಾ ನಾರ್ತ್‌ನಲ್ಲಿ ಚೈಕೊವ್‌ಸ್ಕಿಯ ‘ಇಸ್ಪೀಟು ರಾಣಿ’ಯ ಕೌಂಟೆಸ್ ಆದಾಗ ಬಾರ್ಸ್ಟೋ ಎಪ್ಪತ್ತು ದಾಟಿದ್ದರು. ಮಲಗುವ ಕೋಣೆಯಲ್ಲಿ ಆ ಮುದುಕಿ ಯೌವನದ ಪ್ಯಾರಿಸ್ ನೆನೆಯುತ್ತಾ ಗ್ರೇತ್ರಿಯ ಹಳೆಯ ಫ್ರೆಂಚ್ ಹಾಡನ್ನು ತನಗೆ ತಾನೇ ಗುನುಗುತ್ತಾಳೆ. ಎರಡನೇ ಸಲ ಅದನ್ನು ಇನ್ನೂ ಮೆಲ್ಲಗೆ, ನಿದ್ದೆಯ ಅಂಚಿನಲ್ಲಿ ಹಾಡಬೇಕು. ಸಾವಿರ ಜನರ ಮಂದಿರದಲ್ಲಿ ತನಗೆ ತಾನೇ ಹಾಡಿಕೊಳ್ಳುವಂತೆ ಹಾಡಿ ಎಲ್ಲರಿಗೂ ಕೇಳಿಸುವುದು, ತಾರಸ್ಥಾಯಿಯ ಯಾವ ‘ಸಿ’ಗಿಂತಲೂ ಕಡಿಮೆ ಕೆಲಸವಲ್ಲ.

2017ರಲ್ಲಿ ಲಂಡನ್ನಿನ ನ್ಯಾಷನಲ್ ಥಿಯೇಟರ್ ಅಮೆರಿಕದ ಸಾಂಡ್‌ಹೈಮ್ ಅವರ ಸಂಗೀತ ನಾಟಕ ‘ಫಾಲೀಸ್’ ಆಡಿತು, ನಿರ್ದೇಶನ ಡೊಮಿನಿಕ್ ಕುಕ್. ಕೆಡವಲು ಹೊರಟ ಹಳೆಯ ರಂಗಮಂದಿರದಲ್ಲಿ ಹಳೆಯ ನರ್ತಕಿಯರು ಒಂದಾಗುವ ಕಥೆ. ಒಬ್ಬೊಬ್ಬರ ಹಿಂದೆಯೂ ಅವರ ಯೌವನದ ನೆರಳು ಸುತ್ತಾಡುತ್ತಿರುತ್ತದೆ. ಅವರಲ್ಲಿ ಹಿರಿಯಳು ವಿಯೆನ್ನಾದ ಹೈಡಿ ಶಿಲ್ಲರ್. ಆ ಪಾತ್ರಕ್ಕೆ ಬಾರ್ಸ್ಟೋ. ಆಕೆಯ ಹಾಡು ಒಪೆರೆಟಾ (ಹಗುರ ಒಪೆರಾ) ಧಾಟಿಯ ವಾಲ್ಟ್ಸ್: ಮೊದಲು ಮುದುಕಿ ಹೈಡಿ ಹಾಡುತ್ತಾಳೆ, ಆಮೇಲೆ ಹರೆಯದ ಹೈಡಿ ಬಂದು ಅದೇ ರಾಗವನ್ನು ಎತ್ತಿಕೊಳ್ಳುತ್ತಾಳೆ. ಹರೆಯದ ದನಿ ಆಲಿಸನ್ ಲ್ಯಾಂಗರ್ ಅವರದು, ಅವರೂ ಒಪೆರಾ ತರಬೇತಿಯವರು. ಸಂಗೀತ ನಾಟಕವಾದ್ದರಿಂದ ಇಲ್ಲಿ ಮೈಕ್ ಇತ್ತು. ಜೀವಮಾನವಿಡೀ ಮೈಕಿಲ್ಲದೆ ಮಂದಿರ ತುಂಬಿದ ಗಂಟಲಿಗೆ ಈಗ ಮೆಲ್ಲಗಿರುವ ಸ್ವಾತಂತ್ರ್ಯ. ಅನುಭವವಿಲ್ಲದ ಒಪೆರಾ ಗಾಯಕರು ಮೈಕ್ ಎದುರಲ್ಲೂ ಅಭ್ಯಾಸಬಲದಿಂದ ದೂರಕ್ಕೆ ಎಸೆಯುತ್ತಾರೆ, 3,000 ಹರ್ಟ್ಸ್ ಸುತ್ತಲಿನ ಆ ಲೋಹದ ಝೇಂಕಾರ ಕಿವಿಗೆ ಚುಚ್ಚುತ್ತದೆ. ನವೆಂಬರ್ 16ರಂದು ಈ ಪ್ರದರ್ಶನ ನ್ಯಾಷನಲ್ ಥಿಯೇಟರ್‌ನ ಎನ್‌ಟಿ ಲೈವ್ ಮೂಲಕ ಚಿತ್ರಮಂದಿರಗಳಲ್ಲಿ ನೇರಪ್ರಸಾರವಾಯಿತು. 77ರ ಬಾರ್ಸ್ಟೋ ಎಸೆಯಲಿಲ್ಲ, ಬಿಟ್ಟರು. ದನಿ ನಡುಗುವಲ್ಲಿ ನಡುಗಲು ಬಿಟ್ಟರು, ಸಾಲಿನ ಕೊನೆಗಳನ್ನು ಮಾತಿನ ಮಟ್ಟಕ್ಕೆ ಇಳಿಯಲು ಬಿಟ್ಟರು, ಮೇಲಿನ ಸ್ವರಗಳನ್ನು ಹುಡುಗಿಗೆ ಬಿಟ್ಟರು.

2019ರಲ್ಲಿ ಪ್ರಯೋಗ ಮರಳಿ ಬಂದಾಗ ಹೈಡಿಯ ಪಾತ್ರ ಇನ್ನೊಬ್ಬ ಒಪೆರಾ ಹಿರಿಯರಾದ ಫೆಲಿಸಿಟಿ ಲಾಟ್ ಅವರಿಗೆ ಹೋಯಿತು.